ಕಿಟಕಿ ಫ್ರೇಮಿನೊಳಗಿದ್ದರೆ ನಾನು ಲೈಟಿಂಗ್ ಮಾಡುವ ಬಗೆ

ಹಗಲಿನ ಒಳಾಂಗಣ ದೃಶ್ಯ, ಫ್ರೇಮಿನಲ್ಲೇ ಒಂದು ಕಿಟಕಿ. ಲೈಟ್ ಹಚ್ಚುವ ಮುಂಚೆ ಮೀಟರ್ ಹಿಡಿದು ಲೆಕ್ಕ ಹಾಕುತ್ತೇನೆ. ಐಎಸ್‌ಒ 800, ಶಟರ್ 1/50. ಮುಖಕ್ಕೆ ಎಫ್ 5.6 ಬೇಕು (ಎಫ್ ಅಂದರೆ ಲೆನ್ಸಿನ ತೆರವಿನ ಸಂಖ್ಯೆ; ಬೆಳಕು ಹೆಚ್ಚಿದಷ್ಟೂ ಮೀಟರ್ ದೊಡ್ಡ ಸಂಖ್ಯೆ ತೋರಿಸುತ್ತದೆ), ಹೊರಗಿನ ನೆರಳಿನ ಗೋಡೆ ಎಫ್ 32 ತೋರಿಸುತ್ತಿದೆ ಅನ್ನಿ. ಅಂತರ ಐದು ಸ್ಟಾಪ್; ಒಂದು ಸ್ಟಾಪ್ ಅಂದರೆ ಬೆಳಕು ಎರಡು ಪಟ್ಟು ಅಥವಾ ಅರ್ಧ. ಹಾಗೇ ಬಿಟ್ಟರೆ ಕಿಟಕಿ ಬೆಳ್ಳಗೆ ಸುಟ್ಟುಹೋಗುತ್ತದೆ. ಪೂರ್ತಿ ಸಮ ಮಾಡಿದರೆ ಗೋಡೆಗೆ ಪೋಸ್ಟರ್ ಅಂಟಿಸಿದ ಹಾಗೆ ಕಾಣುತ್ತದೆ, ಅದು ಇನ್ನೂ ಕೆಟ್ಟದ್ದು. ಹೊರಗು ಮುಖಕ್ಕಿಂತ ಎರಡು ಸ್ಟಾಪ್ ಮೇಲಿದ್ದರೆ ನನಗೆ ಸರಿ. ಮೂರು ಸ್ಟಾಪ್ ಇಳಿಸಬೇಕು, ಅಂದರೆ ಗಾಜಿಗೆ ಬಣ್ಣ ಕೆಡಿಸದೆ ಬೆಳಕು ತಗ್ಗಿಸುವ ಬೂದು ಹಾಳೆ, 0.9 ಎನ್‌ಡಿ ಜೆಲ್.

ಆದರೆ 0.9ರ ಒಂದೇ ಹಾಳೆ ಹಾಕುವುದಿಲ್ಲ. 0.6 ಒಂದು, ಅದರ ಮೇಲೆ 0.3 ಒಂದು. 0.3 ಅಂದರೆ ಒಂದು ಸ್ಟಾಪ್. ಹೊತ್ತು ಇಳಿದು ಹೊರಗೆ ಒಂದು ಸ್ಟಾಪ್ ಬಿದ್ದರೆ ಮೇಲಿನದನ್ನು ಕಿತ್ತರಾಯಿತು. ಸೋಪಿನ ನೀರು ಚಿಮುಕಿಸಿ ಹೊರಗಡೆಯಿಂದಲೇ ಅಂಟಿಸಿ, ರಬ್ಬರ್ ಪಟ್ಟಿಯಿಂದ ಗುಳ್ಳೆ ತೆಗೆಯಬೇಕು. ಗುಳ್ಳೆ ಉಳಿದರೆ ಕ್ಯಾಮೆರಾ ಸರಿದಾಗ ಮಿನುಗುತ್ತದೆ. ಬರೀ ಟೇಪ್ ಹಾಕಿ ಬಿಗಿದರೆ ಗಾಳಿಗೆ ಪಟಪಟ ಅನ್ನುತ್ತದೆ, ಸೌಂಡಿನವರು ಟೇಕ್ ನಿಲ್ಲಿಸುತ್ತಾರೆ.

ಜೆಲ್ ಹಾಕಿದ ಕಿಟಕಿಯಿಂದ ಒಳಬರುವ ಬೆಳಕೂ ಮೂರು ಸ್ಟಾಪ್ ಕಡಿಮೆಯಾಗುತ್ತದೆ. ಇದನ್ನು ಮರೆತು ಮುಖ ಕತ್ತಲಾಯಿತೆಂದು ಪರದಾಡುವವರೇ ಹೆಚ್ಚು. ಹಾಗಾಗಿ ಕೀ ಲೈಟ್, ಅಂದರೆ ಮುಖದ ಮುಖ್ಯ ಬೆಳಕು, ಅದೇ ದಿಕ್ಕಿನಿಂದ, ಫ್ರೇಮಿಗೆ ಬೀಳದ ಇನ್ನೊಂದು ಕಿಟಕಿ ಅಥವಾ ಬಾಗಿಲಿನಿಂದ ಬರಬೇಕು: ಎಚ್‌ಎಂಐ, ಅಂದರೆ ಹಗಲಿನ ಬಣ್ಣದ ಬಲವಾದ ದೀಪ, ಅದರ ಮುಂದೆ ಬೆಳಕು ಮೃದುವಾಗಿಸುವ ನಾಲ್ಕಡಿ ಚೌಕದ ದಪ್ಪ ಡಿಫ್ಯೂಷನ್ ಬಟ್ಟೆ. ಇಲ್ಲಿ ದೂರ ಅಳೆಯಬೇಕಾದದ್ದು ದೀಪದಿಂದಲ್ಲ, ಬಟ್ಟೆಯಿಂದ. ಬಟ್ಟೆ ಒಂದೂವರೆ ಮೀಟರಿನಲ್ಲಿದ್ದು ನಟ ಇನ್ನೊಂದೂವರೆ ಮೀಟರ್ ಹಿಂದೆ ಸರಿದರೆ ಹತ್ತಿರ ಹತ್ತಿರ ಎರಡು ಸ್ಟಾಪ್ ಹೋಯಿತು. ಆರು ಮೀಟರಿನಲ್ಲಿದ್ದರೆ ಅಷ್ಟೇ ಸರಿದಾಗ ಅರ್ಧ ಸ್ಟಾಪಿಗಿಂತ ತುಸು ಹೆಚ್ಚು, ಅಷ್ಟೆ. ನಟ ಓಡಾಡುವ ದೃಶ್ಯವಾದರೆ ಬಟ್ಟೆ ದೂರ, ಕೂತು ಮಾತಾಡುವುದಾದರೆ ಹತ್ತಿರ.

ನೆರಳಿನ ಕಡೆಗೆ ಸಾಮಾನ್ಯವಾಗಿ ಫಿಲ್, ಅಂದರೆ ನೆರಳು ತಿಳಿಮಾಡುವ ಬೆಳಕು, ಕೊಡುವುದೇ ಇಲ್ಲ. ಬಿಳಿ ಗೋಡೆಗಳೇ ಬೇಡವೆಂದರೂ ಫಿಲ್ ಕೊಡುತ್ತವೆ. ಅದನ್ನು ಹೀರಲು ಆ ಕಡೆ ಕಪ್ಪು ಬಟ್ಟೆ ನಿಲ್ಲಿಸಿ ಮುಖದ ಎರಡು ಬದಿಗೆ ಎರಡು ಸ್ಟಾಪ್ ವ್ಯತ್ಯಾಸ ಬರುವವರೆಗೆ ಹತ್ತಿರ ತರುತ್ತೇನೆ. ಭಾರವಾದ ದೃಶ್ಯಕ್ಕೆ ಮೂರು. ಕಪ್ಪು ಮೈಬಣ್ಣ ಅಂತ ಎಕ್ಸ್‌ಪೋಷರ್ ಏರಿಸುವ ಚಾಳಿ ನನಗೆ ಹಿಡಿಸದು. ಅದರ ಬದಲು ಡಿಫ್ಯೂಷನ್ ಬಟ್ಟೆಯನ್ನು ತುಸು ಪಕ್ಕಕ್ಕೆ, ಹಿಂದಕ್ಕೆ ಸರಿಸಿ. ಕೆನ್ನೆಯ ಮೂಳೆಯ ಮೇಲೆ ಅದರ ಬಿಂಬ ಹೊಳೆಯುತ್ತದೆ, ಮುಖಕ್ಕೆ ಆಕಾರ ಬರುತ್ತದೆ.

50 ಹರ್ಟ್ಜ್ ಕರೆಂಟಿನಲ್ಲಿ, ಸೆಕೆಂಡಿಗೆ 24 ಫ್ರೇಮಿನಲ್ಲಿ 180 ಡಿಗ್ರಿ ಶಟರ್ (ಅಂದರೆ 1/48 ಸೆಕೆಂಡ್) ಇಟ್ಟರೆ ಕೆಲವು ದೀಪ ಮಿಟುಕುತ್ತವೆ. 172.8 ಇಟ್ಟರೆ 1/50 ಸಿಗುತ್ತದೆ, ತೊಂದರೆಯಿಲ್ಲ.

ಕಿಟಕಿ ಕಾಣುವ ವೈಡ್ ಶಾಟ್‌ಗಳು ಮೊದಲು ಮುಗಿಯಬೇಕು. ಕ್ಲೋಸಪ್‌ಗಳನ್ನು ಸೂರ್ಯ ಮುಳುಗಿದ ಮೇಲೂ ತೆಗೆಯಬಹುದು. ಅದಕ್ಕೆ ವೈಡ್ ಮುಗಿದೊಡನೆ ಮೂರು ಸಂಗತಿ ಬರೆದಿಡುತ್ತೇನೆ: ದೀಪದ ಎತ್ತರ, ಡಿಫ್ಯೂಷನ್ ಬಟ್ಟೆಯಿಂದ ಮೂಗಿನವರೆಗಿನ ಅಳತೆ, ಎರಡೂ ಕೆನ್ನೆಯ ಮೀಟರ್ ರೀಡಿಂಗ್.