ಪಾಸ್‌ವರ್ಡ್ ಸೋರಿದರೆ ಮೊದಲು ಇಮೇಲ್ ಉಳಿಸಿಕೊಳ್ಳಿ

ಮುಂಬೈ ಕಡೆ ಮಾಟುಂಗಾದಿಂದ ಡೊಂಬಿವಲಿವರೆಗೆ ನಮ್ಮವರ ಹೋಟೆಲ್‌ಗಳ ಗಲ್ಲಾ ಕಡೆ ಒಮ್ಮೆ ಕಣ್ಣು ಹಾಯಿಸಿ. ಬಿಲ್ಲಿಂಗ್ ಕಂಪ್ಯೂಟರ್ ಪಕ್ಕ ಒಂದು ಚೀಟಿ ಅಂಟಿಸಿರುತ್ತಾರೆ, ಹೋಟೆಲ್ ಹೆಸರು, ಮುಂದೆ 123. ಚೀಟಿ ಕಿತ್ತು ಬಿಸಾಕಬಹುದು. ಆದರೆ ಅದೇ ಪಾಸ್‌ವರ್ಡ್ ಜಿಮೇಲ್‌ಗೂ, ಡೆಲಿವರಿ ಆ್ಯಪ್‌ಗೂ, ಮಾಲೀಕರ ಫೇಸ್‌ಬುಕ್‌ಗೂ ಇದ್ದರೆ ಕಷ್ಟ.

ಎಲ್ಲೋ ಒಂದು ಸೈಟ್‌ನಿಂದ ಪಟ್ಟಿ ಸೋರಿದರೆ ಸಾಕು, ಕಳ್ಳರು ಅದರಲ್ಲಿರುವ ಇಮೇಲ್, ಪಾಸ್‌ವರ್ಡ್‌ಗಳನ್ನು ಒಂದು ಪ್ರೋಗ್ರಾಂಗೆ ಕೊಟ್ಟು ಬೇರೆ ಬೇರೆ ಸೈಟ್‌ಗಳಲ್ಲಿ ಸಾಲಾಗಿ ಲಾಗಿನ್ ಮಾಡಿಸಿ ನೋಡುತ್ತಾರೆ. ಹಳೇದು ತಾನೇ ಅಂತ ಬಿಡಬೇಡಿ. ಲಿಂಕ್ಡ್‌ಇನ್‌ನಿಂದ 2012ರಲ್ಲಿ ಕದ್ದ ಪಾಸ್‌ವರ್ಡ್‌ಗಳು 2016ರಲ್ಲಿ ಮಾರಾಟಕ್ಕೆ ಬಂದಿದ್ದವು.

ಸೈಬರ್ ಸುರಕ್ಷತಾ ತಜ್ಞ ಟ್ರಾಯ್ ಹಂಟ್ 2013ರಲ್ಲಿ ಶುರು ಮಾಡಿದ 'ಹ್ಯಾವ್ ಐ ಬೀನ್ ಪೋನ್ಡ್' ಸೈಟ್‌ನಲ್ಲಿ ನಿಮ್ಮ ಇಮೇಲ್ ಹಾಕಿ, ಯಾವ ಸೋರಿಕೆಯಲ್ಲಿ ಸಿಕ್ಕಿಬಿದ್ದಿದೆ ಅಂತ ಪುಕ್ಕಟೆ ತೋರಿಸುತ್ತದೆ. ಕ್ರೋಮ್‌ನಲ್ಲಿ ಪಾಸ್‌ವರ್ಡ್ ಸೇವ್ ಮಾಡಿದ್ದರೆ ಅದರ ಪಾಸ್‌ವರ್ಡ್ ಮ್ಯಾನೇಜರ್‌ನಲ್ಲೂ ಯಾವುದು ಸೋರಿದೆ ಅಂತ ನೋಡುವ ಚೆಕಪ್ ಇದೆ.

ಬದಲಾಯಿಸುವಾಗ ಇಮೇಲ್‌ನಿಂದ ಶುರು ಮಾಡಿ. ಅದು ಕೈತಪ್ಪಿದರೆ 'ಪಾಸ್‌ವರ್ಡ್ ಮರೆತಿದ್ದೇನೆ' ಒತ್ತಿ ಉಳಿದ ಖಾತೆಗಳನ್ನೂ ಒಂದೊಂದಾಗಿ ಎತ್ತಿಕೊಂಡು ಹೋಗುತ್ತಾರೆ. ಉದ್ದದ, ಬೇರೆಲ್ಲೂ ಬಳಸದ ಪಾಸ್‌ವರ್ಡ್ ಇಡಿ. ಆಮೇಲೆ ಗೂಗಲ್ ಖಾತೆಯ ಸೆಕ್ಯುರಿಟಿ ಪುಟದಲ್ಲಿ 'ನಿಮ್ಮ ಡಿವೈಸ್‌ಗಳು' ನೋಡಿ, ಗುರುತಿಲ್ಲದ ಫೋನ್ ಇದ್ದರೆ ಸೈನ್ ಔಟ್ ಮಾಡಿ. ತುಂಬಾ ಜನ ಇಲ್ಲಿಗೇ ನಿಲ್ಲಿಸುತ್ತಾರೆ. ದಯವಿಟ್ಟು ಕಂಪ್ಯೂಟರ್‌ನಲ್ಲಿ ಜಿಮೇಲ್ ಸೆಟ್ಟಿಂಗ್ಸ್ ತೆರೆದು ಫಾರ್ವರ್ಡಿಂಗ್ ಮತ್ತು ಫಿಲ್ಟರ್ ಕೂಡ ನೋಡಿ, ಯಾಕಂದ್ರೆ ಒಳಗೆ ಬಂದವರು ನಿಮ್ಮ ಮೇಲ್ ಸುಮ್ನೆ ತಮ್ಮ ವಿಳಾಸಕ್ಕೆ ಹೋಗುವಂತೆ ಮಾಡಿಟ್ಟಿದ್ದರೆ ಪಾಸ್‌ವರ್ಡ್ ಬದಲಾಯಿಸಿದ ಮೇಲೂ ಅದು ಹೋಗ್ತಾನೇ ಇರುತ್ತದೆ. ರಿಕವರಿ ನಂಬರ್, ಅಂದ್ರೆ ಖಾತೆ ವಾಪಸ್ ಪಡೆಯಲು ಕೊಟ್ಟಿರುವ ಫೋನ್ ನಂಬರ್ ನಿಮ್ಮದೇನಾ, ಅದನ್ನೂ ನೋಡಿ.

ಟೂ ಸ್ಟೆಪ್ ವೆರಿಫಿಕೇಶನ್, ಅಂದ್ರೆ ಪಾಸ್‌ವರ್ಡ್ ಜೊತೆ ಇನ್ನೊಂದು ಪುರಾವೆ ಕೇಳುವ ವ್ಯವಸ್ಥೆ, ಆನ್ ಮಾಡಿ. ಎಸ್ಸೆಮ್ಮೆಸ್ ಓಟಿಪಿ ಇದ್ದರೆ ಏನೂ ಇಲ್ಲದ್ದಕ್ಕಿಂತ ವಾಸಿ, ಆದರೆ ನಿಮ್ಮ ಹೆಸರಲ್ಲಿ ಬೇರೆ ಸಿಮ್ ತೆಗೆದವರಿಗೆ ಅದು ಸಿಗುತ್ತದೆ. ಫೋನ್‌ನಲ್ಲೇ ಕೋಡ್ ತೋರಿಸುವ ಅಥೆಂಟಿಕೇಟರ್ ಆ್ಯಪ್ ಅಥವಾ ಬೆರಳಚ್ಚು, ಮುಖ ಇಲ್ಲವೇ ಸ್ಕ್ರೀನ್ ಲಾಕ್‌ನಿಂದ ಲಾಗಿನ್ ಮಾಡಿಸುವ ಪಾಸ್‌ಕೀ ಇನ್ನೂ ಒಳ್ಳೆಯದು. ಗೂಗಲ್ ಕೊಡುವ 10 ಬ್ಯಾಕಪ್ ಕೋಡ್‌ಗಳನ್ನು ಕಾಗದದಲ್ಲಿ ಬರೆದು ಬ್ಯಾಂಕ್ ಪಾಸ್‌ಬುಕ್ ಜೊತೆ ಇಡಿ. ಲೋಕಲ್ ಟ್ರೇನ್ ನೂಕುನುಗ್ಗಲಲ್ಲಿ ಫೋನ್ ಹೋದ ದಿನ ಬೇಕಾಗುತ್ತದೆ.

ಬ್ಯಾಂಕು, ಯುಪಿಐ, ಸೋಷಿಯಲ್ ಮೀಡಿಯಾ ಆಮೇಲೆ. ಅಷ್ಟೆಲ್ಲ ನೆನಪಿಡೋಕೆ ಆಗಲ್ಲ ಅಲ್ವಾ, ಪಾಸ್‌ವರ್ಡ್ ಮ್ಯಾನೇಜರ್‌ಗೆ ಬಿಡಿ. ಹೋಟೆಲ್‌ನಲ್ಲಾದರೆ ಮಾಲೀಕರ ಸ್ವಂತ ಜಿಮೇಲ್ ಗಲ್ಲಾ ಕಂಪ್ಯೂಟರ್‌ನಲ್ಲಿ ಬೇಡ, ಹುಡುಗರು ಕೆಲಸ ಬಿಟ್ಟು ಊರಿಗೆ ಹೋದಾಗ ಬಿಲ್ಲಿಂಗ್ ಪಾಸ್‌ವರ್ಡ್ ಬದಲಾಯಿಸಿ.

ದುಡ್ಡೇ ಹೋಗಿದ್ದರೆ ಇದೆಲ್ಲ ಪಕ್ಕಕ್ಕಿಟ್ಟು ಕೂಡಲೇ ಸೈಬರ್ ಅಪರಾಧ ಸಹಾಯವಾಣಿ 1930ಕ್ಕೆ ಫೋನ್ ಮಾಡಿ. ಬೇಗ ಹೇಳಿದಷ್ಟೂ ಆ ದುಡ್ಡನ್ನು ಮುಂದೆ ಹೋಗದಂತೆ ತಡೆಯುವ ಸಾಧ್ಯತೆ ಜಾಸ್ತಿ.