ಗಟ್ಟಿಯಾಗಿ ಓದುವಾಗ ಎದುರಾಗುವ ಇಂಗ್ಲಿಷ್ ಪದಗಳು: ನನ್ನ ಅನುಭವ

ಕಣ್ಣು ಕಾಣದ ಕಾಲೇಜು ವಿದ್ಯಾರ್ಥಿಗಳಿಗಾಗಿ ನಾನು ಇಂಗ್ಲಿಷ್ ಪಾಠಗಳನ್ನು ಓದಿ ರೆಕಾರ್ಡ್ ಮಾಡಿಕೊಡುತ್ತೇನೆ. ನಾನು ಹೇಗೆ ಹೇಳುತ್ತೇನೋ ಪದ ಅವರ ಕಿವಿಯಲ್ಲಿ ಹಾಗೇ ಉಳಿಯುತ್ತದೆ. ಹಾಗಾಗಿ ಅಪರೂಪದ ಪದ ಬಂದಾಗ ಅಂದಾಜಿನಲ್ಲಿ ಓದಿ ಮುಂದೆ ಹೋಗುವಂತಿಲ್ಲ.

ಮೊದಲು ಇಡೀ ಪಾಠವನ್ನು ಮನಸ್ಸಿನಲ್ಲೇ ಓದಿ, ಅನುಮಾನ ಬಂದ ಪದಗಳಿಗೆ ಪೆನ್ಸಿಲ್ ಗೆರೆ ಹಾಕಿಕೊಳ್ಳುತ್ತೇನೆ. ಆಮೇಲೆ ಡಿಕ್ಷನರಿ. ಅಲ್ಲಿ ಸ್ಪೀಕರ್ ಗುರುತು ಒತ್ತುವ ಮುಂಚೆ ಅರ್ಥ ನೋಡಲೇಬೇಕು. ಎಸ್-ಎಲ್-ಒ-ಯು-ಜಿ-ಎಚ್ ಪದವನ್ನೇ ತಗೊಳ್ಳಿ. ಹಾವು ಪೊರೆ ಬಿಡುವ ಮಾತಾದರೆ ಅದು ‘ಸ್ಲಫ್’. ಕೆಸರಿನ ಜೌಗಾದರೆ ಬ್ರಿಟಿಷರಿಗೆ ‘ಸ್ಲೌ’, ಅಮೆರಿಕದವರಿಗೆ ಹೆಚ್ಚಾಗಿ ‘ಸ್ಲೂ’. ಲಂಡನ್ನಿನ ಪಶ್ಚಿಮಕ್ಕೆ ಇದೇ ಹೆಸರಿನ ಊರಿದೆ, ಅದೂ ‘ಸ್ಲೌ’. ವಾಕ್ಯದಲ್ಲಿ ಇರುವುದು ಹಾವೋ ಕೆಸರೋ ತಿಳಿಯದೆ ಬಾಯಿ ತೆರೆಯುವುದು ಹೇಗೆ? ‘ಇನ್ವಲಿಡ್’ ಎಂದು ಮೊದಲ ಭಾಗಕ್ಕೆ ಒತ್ತು ಕೊಟ್ಟರೆ ಕಾಯಿಲೆಯಿಂದ ಕೈಲಾಗದವರು. ‘ಇನ್‌ವ್ಯಾಲಿಡ್’ ಎಂದು ಎರಡನೆಯದಕ್ಕೆ ಕೊಟ್ಟರೆ ಚಲಾವಣೆಗೆ ಬಾರದ್ದು. ಸ್ಪೆಲಿಂಗ್ ಎರಡಕ್ಕೂ ಒಂದೇ.

ಒತ್ತು ನಮಗೆ ಕಷ್ಟ. ಕನ್ನಡದಲ್ಲಿ ಬರೆದ ಪ್ರತಿ ಸ್ವರವನ್ನೂ ಪೂರ್ತಿ ಹೇಳುವ ಅಭ್ಯಾಸ ನಮ್ಮದು ಅಲ್ವಾ? ಇಂಗ್ಲಿಷಿನಲ್ಲಿ ಒತ್ತಿಲ್ಲದ ಸ್ವರ ಸೊರಗಿಬಿಡುತ್ತದೆ. ಡಿಕ್ಷನರಿಯಲ್ಲಿ ತಲೆಕೆಳಗಾದ ಇಂಗ್ಲಿಷ್ ‘ಇ’ ಕಂಡರೆ ಅದೇ ಆ ಸೊರಗಿದ ಸ್ವರ. ನಮ್ಮ ‘ಅ’ ಅದಕ್ಕೆ ತುಂಬಾ ಹತ್ತಿರ. ನಾನು ಪಾಠದ ಅಂಚಿನಲ್ಲಿ ಕನ್ನಡದಲ್ಲೇ ಬರೆದುಕೊಂಡು, ಒತ್ತಿನ ಭಾಗಕ್ಕೆ ಅಡಿಗೆರೆ ಹಾಕುತ್ತೇನೆ. ಹಳೆಯ ಕನ್ನಡ ಪುಸ್ತಕಗಳಂತೆ ‘ಫ’ ಮತ್ತು ‘ಜ’ ಕೆಳಗೆ ಎರಡೆರಡು ಚುಕ್ಕಿ ಇಟ್ಟರೆ ಇಂಗ್ಲಿಷಿನ ಎಫ್ ಮತ್ತು ಝಡ್ ಸದ್ದೂ ಸಿಗುತ್ತದೆ.

ಪದ ಎಲ್ಲಿಂದ ಬಂತು ಅಂತ ನೋಡುವುದು ನನಗೆ ಎಲ್ಲಕ್ಕಿಂತ ಜಾಸ್ತಿ ಉಪಯೋಗಕ್ಕೆ ಬಂದಿದೆ. ಗ್ರೀಕ್ ಮೂಲದ ಅನೇಕ ಪದಗಳಲ್ಲಿ ಕೊನೆಯ ‘ಇ’ ಅಕ್ಷರ ಸುಮ್ನೆ ಕೂರುವುದಿಲ್ಲ. ‘ಎಪಿಟಮಿ’ ಅಂದರೆ ಪಕ್ಕಾ ಮಾದರಿ. ‘ಹೈಪರ್ಬಲಿ’ ಅಂದರೆ ಅತಿಶಯದ ಮಾತು. ಸಿ-ಎಚ್ ಗ್ರೀಕ್‌ನಿಂದ ಬಂದಿದ್ದರೆ ಸಾಮಾನ್ಯವಾಗಿ ‘ಕ’. ಆಳವಾದ ಕಂದಕಕ್ಕೆ ‘ಕ್ಯಾಜ಼ಂ’. ಈಚೆಗೆ ಫ್ರೆಂಚ್‌ನಿಂದ ಬಂದಿದ್ದರೆ ‘ಶ’. ಬಚ್ಚಿಟ್ಟ ದಾಸ್ತಾನು, ಸಿ-ಎ-ಸಿ-ಎಚ್-ಇ, ‘ಕ್ಯಾಶ್’.

ಇದಕ್ಕೂ ಬಗ್ಗದ ಪದಗಳಿವೆ. ಆಹಾರ ಸಾಮಗ್ರಿಗೆ ಒಂದು ಹಳೆಯ ಪದವಿದೆ: ವಿ-ಐ-ಸಿ-ಟಿ-ಯು-ಎ-ಎಲ್-ಎಸ್. ಹೇಳುವುದು ‘ವಿಟಲ್ಸ್’. ದಕ್ಷಿಣ ಕನ್ನಡದ ವಿಟ್ಲ ಗೊತ್ತಿದ್ದವರಿಗೆ ಮರೆಯುವುದಿಲ್ಲ. ಲ್ಯಾಟಿನ್ ಮೂಲವನ್ನು ತೋರಿಸಲೆಂದು ಪಂಡಿತರು ಬರಹದಲ್ಲಿ ‘ಸಿ’ ಸೇರಿಸಿದರು, ಜನರ ಬಾಯಿ ಮಾತ್ರ ಬದಲಾಗಲಿಲ್ಲ. ದೋಷಾರೋಪ ಹೊರಿಸುವುದಕ್ಕೆ ‘ಇಂಡೈಟ್’ ಅನ್ನುತ್ತಾರೆ. ಅದರಲ್ಲೂ ‘ಸಿ’ ಹೀಗೇ ಮೌನ.

ಇಂಥ ಪದ ಬಂದಾಗ ವಾಕ್ಯ ಮುಗಿಸಿ, ಸ್ವಲ್ಪ ತಡೆದು, ಸ್ಪೆಲಿಂಗನ್ನೂ ಒಂದೊಂದೇ ಅಕ್ಷರವಾಗಿ ಹೇಳುತ್ತೇನೆ. ಉತ್ತರವನ್ನು ಕಂಪ್ಯೂಟರಿನಲ್ಲಿ ತಾವೇ ಟೈಪ್ ಮಾಡುವ ಮಕ್ಕಳಿಗೆ ಅದೂ ಬೇಕು.