ಆದೇಶಕ್ಕಿಂತ ವಸೂಲಿಯೇ ಕಷ್ಟ: ಹಿರಿಯರ ಅರ್ಜಿ ನಡೆಸುವಾಗ ಕಂಡದ್ದು

ಸಿಂಧನೂರು, ಮಸ್ಕಿ ಕಡೆಯ ಹಿರಿಯರು ಅರ್ಜಿ ಬರೆಸಲು ನಮ್ಮ ಬಳಿ ಬಂದು ಕೂತರೆ ಹೇಳುವ ಮಾತು ಹೆಚ್ಚುಕಡಿಮೆ ಒಂದೇ: ‘ಮಗ ಹೊಲ ಬರಸ್ಕೊಂಡ, ಈಗ ನೋಡವಲ್ಲ.’ ಈ ಒಂದು ಮಾತಿನಲ್ಲಿ ಎರಡು ಬೇಡಿಕೆಗಳಿವೆ. ತಿಂಗಳ ಖರ್ಚಿಗೆ ಜೀವನಾಂಶ ಬೇಕು ಎನ್ನುವುದು ಒಂದು, ಬರೆದುಕೊಟ್ಟ ಹೊಲ ವಾಪಸ್ ಬೇಕು ಎನ್ನುವುದು ಇನ್ನೊಂದು. ಹಿರಿಯ ನಾಗರಿಕರ 2007ರ ಕಾಯ್ದೆಯಲ್ಲಿ ಮೊದಲನೆಯದಕ್ಕೆ 5ನೇ ಕಲಂ, ಎರಡನೆಯದಕ್ಕೆ 23ನೇ ಕಲಂ. ಅರ್ಜಿಯ ಕೊನೆಯಲ್ಲಿ ಎರಡನ್ನೂ ಬೇರೆ ಬೇರೆ ಸಾಲಿನಲ್ಲಿ ಬರೆಯುತ್ತೇವೆ. ‘ಸೂಕ್ತ ನ್ಯಾಯ ಒದಗಿಸಬೇಕು’ ಎಂದಷ್ಟೇ ಬರೆದ ಅರ್ಜಿಗೆ ಮಗನನ್ನು ಕರೆಸಿ ಬುದ್ಧಿ ಹೇಳಿ ಕಳಿಸಿದರೆ ಅಲ್ಲಿಗೆ ಮುಗಿಯಿತು.

ಅರ್ಜಿ ಹೋಗುವುದು ಉಪವಿಭಾಗಾಧಿಕಾರಿಯ ನೇತೃತ್ವದ ನ್ಯಾಯಮಂಡಳಿಯ ಮುಂದೆ. ರಾಯಚೂರು ಜಿಲ್ಲೆಯಲ್ಲಿ ರಾಯಚೂರು, ಲಿಂಗಸುಗೂರು ಎಂದು ಎರಡು ಉಪವಿಭಾಗ. ಸಿಂಧನೂರಿನವರು ಲಿಂಗಸುಗೂರಿಗೆ ಹೋಗಬೇಕು. ಹಿರಿಯರು ಇರುವ ಊರಿನಲ್ಲಾಗಲಿ, ಮಕ್ಕಳು ಇರುವ ಊರಿನಲ್ಲಾಗಲಿ ಅರ್ಜಿ ಹಾಕಬಹುದು. ಆದರೆ ಪ್ರತಿ ತಾರೀಖಿಗೂ ಓಡಾಡಬೇಕಾದವರು ಹಿರಿಯರು, ಅದಕ್ಕೇ ಅವರಿಗೆ ಹತ್ತಿರದ ಕಚೇರಿಯೇ ಒಳ್ಳೆಯದು.

ವಯಸ್ಸಿನ ದಾಖಲೆಯಲ್ಲಿ ಅನೇಕರು ಎಡವುತ್ತಾರೆ. ಹಳ್ಳಿಯ ಹಿರಿಯರ ಆಧಾರ್‌ನಲ್ಲಿ ಎಷ್ಟೋ ಸಲ ಜನವರಿ 1 ಎಂದು ಅಂದಾಜಿನ ತಾರೀಖು ಇರುತ್ತದೆ, ವೋಟರ್ ಕಾರ್ಡಿನಲ್ಲಿ ಬೇರೆಯೇ ಇಸವಿ. ಜೀವನಾಂಶ ಕೇಳುವ ತಂದೆ ತಾಯಿಗೆ 60 ತುಂಬಿರಲೇಬೇಕೆಂದಿಲ್ಲ. ಆದರೆ 23ನೇ ಕಲಂ ‘ಹಿರಿಯ ನಾಗರಿಕ’ ಎಂದೇ ಹೇಳುವುದರಿಂದ ಅಲ್ಲಿ ವಯಸ್ಸಿನ ಪುರಾವೆ ಬೇಕಾಗುತ್ತದೆ. ಮಕ್ಕಳಿಲ್ಲದ ಸೋದರತ್ತೆ ಅಣ್ಣನ ಮಗನ ಮೇಲೆ ಹಾಕುವ ಅರ್ಜಿಗೂ ಅಷ್ಟೇ. ಸಂಧ್ಯಾ ಸುರಕ್ಷಾ ಪಿಂಚಣಿಯ 1,200 ರೂಪಾಯಿ ಬರುತ್ತಿದ್ದರೆ ಮುಚ್ಚಿಡಬೇಡಿ, ಎದುರಿನವರು ಅದನ್ನೇ ಮೊದಲು ಎತ್ತುತ್ತಾರೆ.

ಇನ್ನು ವಿಳಾಸ. ಇದು ಸಣ್ಣ ವಿಷಯ ಎನಿಸುತ್ತದೆ, ಆದರೆ ನಮ್ಮ ಕಡೆ ಅರ್ಜಿಗಳು ಕೊಳೆಯುವುದು ಇಲ್ಲೇ. ಮಗ ಗುಳೆ ಹೋಗಿ ಬೆಂಗಳೂರಿನ ಯಾವುದೋ ಕಟ್ಟಡದ ಶೆಡ್ಡಿನಲ್ಲಿರುತ್ತಾನೆ, ಅರ್ಜಿಯಲ್ಲಿ ಊರಿನ ಮನೆ ನಂಬರು ಇರುತ್ತದೆ. ‘ಊರಿನಲ್ಲಿಲ್ಲ’ ಎಂಬ ಷರಾದೊಂದಿಗೆ ಲಕೋಟೆ ತಿರುಗಿ ಬರುತ್ತದೆ. ಕಾಯ್ದೆಯ 90 ದಿನ ಎಣಿಕೆಯಾಗುವುದು ಅರ್ಜಿ ಕೊಟ್ಟ ದಿನದಿಂದಲ್ಲ, ನೋಟಿಸ್ ಜಾರಿಯಾದ ದಿನದಿಂದ. ನೋಟಿಸ್ ಮುಟ್ಟದಿದ್ದರೆ ಗಡಿಯಾರ ಶುರುವೇ ಆಗುವುದಿಲ್ಲ. ಆದ್ದರಿಂದ ಊರಿನ ವಿಳಾಸ, ಕೆಲಸದ ಜಾಗದ ವಿಳಾಸ, ಮೊಬೈಲ್ ನಂಬರು ಮೂರನ್ನೂ ಬರೆಯುತ್ತೇವೆ. ಎಲ್ಲ ಮಕ್ಕಳನ್ನೂ ಎದುರುದಾರರನ್ನಾಗಿ ಮಾಡುವುದು ವಾಸಿ. ‘ಹೆಣ್ಣಮಕ್ಕಳ ಮ್ಯಾಲೆ ಕೇಸ್ ಬ್ಯಾಡ್ರಿ’ ಎಂದು ತಾಯಂದಿರು ಹಟ ಹಿಡಿಯುತ್ತಾರೆ, ಒತ್ತಾಯ ಮಾಡುವುದಿಲ್ಲ. ಆದರೆ ದೊಡ್ಡ ಮಗ ಬಂದು ‘ತಂಗಿಯನ್ನೂ ಸೇರಿಸಿ’ ಎಂದು ಕೇಳಲು ಕಾಯ್ದೆಯಲ್ಲಿ ಅವಕಾಶವಿದೆ, ಆಗ ಮತ್ತೆ ಹೊಸ ನೋಟಿಸು, ಹೊಸ ತಾರೀಖು. ಸೊಸೆ ಮಾತ್ರ ಕಾಯ್ದೆಯ ‘ಮಕ್ಕಳು’ ಎಂಬ ವ್ಯಾಖ್ಯೆಯಲ್ಲಿ ಇಲ್ಲ. ಅವಳ ಮೇಲೆ ಜೀವನಾಂಶ ಕೇಳಿದರೆ ನಿಲ್ಲುವುದಿಲ್ಲ.

ಹೊಲದ ವಿಷಯಕ್ಕೆ ಬಂದರೆ, ಪಹಣಿಯೊಂದೇ ಸಾಲದು. ಉಪನೋಂದಣಿ ಕಚೇರಿಯಿಂದ ಇಸಿ (ಋಣಭಾರ ಪ್ರಮಾಣಪತ್ರ) ತೆಗೆಸಿ, ಪತ್ರದ ದೃಢೀಕೃತ ನಕಲು ಪಡೆದು, ಪತ್ರದ ಜಾತಿ ಯಾವುದೆಂದು ನೋಡುತ್ತೇವೆ. ಪಿತ್ರಾರ್ಜಿತ ಆಸ್ತಿಯ ವಿಭಾಗಪತ್ರವಾಗಿದ್ದರೆ ಮಗನಿಗೆ ಸಿಕ್ಕಿದ್ದು ಅವನದೇ ಪಾಲು, ತಂದೆ ಕೊಟ್ಟದ್ದಲ್ಲ. 23ನೇ ಕಲಂ ಹಿಡಿದು ಹೋದರೆ ಪ್ರಯೋಜನವಿಲ್ಲ. ದಾನಪತ್ರವಾದರೆ ಒಂದೊಂದು ಸಾಲನ್ನೂ ಓದಬೇಕು. ಪತ್ರ ಬರೆಯುವವರು ರೂಢಿಯ ಮೇಲೆ ‘ಪ್ರೀತಿ ವಿಶ್ವಾಸದಿಂದ’ ಎಂದು ಬರೆದು ಮುಗಿಸಿರುತ್ತಾರೆ, ನೋಡಿಕೊಳ್ಳುವ ಷರತ್ತು ಎಲ್ಲೂ ಇರುವುದಿಲ್ಲ. ಅಂಥ ಷರತ್ತು ಇದ್ದರೆ ಮಾತ್ರ ಈ ಕಲಂ ಅನ್ವಯ ಎಂದು ಸುಪ್ರೀಂ ಕೋರ್ಟ್ 2022ರಲ್ಲಿ ಸುದೇಶ್ ಛಿಕಾರ ಪ್ರಕರಣದಲ್ಲಿ ಹೇಳಿತು. 2025ರ ಜನವರಿಯ ಊರ್ಮಿಳಾ ದೀಕ್ಷಿತ್ ತೀರ್ಪು ಹಿರಿಯರಿಗೆ ಸ್ವಲ್ಪ ಉಸಿರಾಡಲು ಬಿಟ್ಟಿದೆ: ಅಲ್ಲಿ ಮಗ ಬೇರೆ ಕಾಗದದಲ್ಲಿ ಬರೆದುಕೊಟ್ಟ ವಚನಪತ್ರವನ್ನೂ ಕೋರ್ಟು ಲೆಕ್ಕಕ್ಕೆ ತೆಗೆದುಕೊಂಡಿತು, ಸ್ವಾಧೀನ ಕೊಡಿಸುವ ಅಧಿಕಾರವೂ ನ್ಯಾಯಮಂಡಳಿಗೆ ಇದೆ ಎಂದಿತು. ಹಾಗಾಗಿ ಟ್ರಂಕಿನಲ್ಲಿ ಮಡಚಿಟ್ಟ ಛಾಪಾ ಕಾಗದ, ಬಾಂಡು ಏನೇ ಇದ್ದರೂ ತರಲು ಹೇಳುತ್ತೇವೆ.

ಇನ್ನೂ ಬರೆದುಕೊಡದವರು ದಾನಪತ್ರದಲ್ಲೇ ಇಷ್ಟು ಹಾಕಿಸಲಿ: ‘ದಾನ ಪಡೆದವರು ದಾನಿಗೆ ಜೀವಮಾನಪರ್ಯಂತ ಊಟ, ವಸತಿ, ಔಷಧೋಪಚಾರ ಒದಗಿಸತಕ್ಕದ್ದು, ತಪ್ಪಿದಲ್ಲಿ ಈ ದಾನವು ರದ್ದಾಗತಕ್ಕದ್ದು.’ ಮಗನಿಗೆ ಬೇಸರವಾದೀತು ಎಂದು ಈ ಸಾಲನ್ನು ಬಿಡಿಸುವವರೇ ಹೆಚ್ಚು. ಸಾಲು ಕಂಡು ಮುಖ ಗಂಟಿಕ್ಕುವ ಮಗನಿಗೆ ಹೊಲ ಬರೆಯುವ ಮುಂಚೆ ಇನ್ನೊಂದು ಸಲ ಯೋಚಿಸಬೇಕು.

ಜೀವನಾಂಶದ ಮಿತಿ ತಿಂಗಳಿಗೆ 10,000 ರೂಪಾಯಿ. ಕಣ್ಣುಮುಚ್ಚಿ ಹತ್ತೂ ಸಾವಿರ ಕೇಳುವ ಬದಲು ಬಿಪಿ ಗುಳಿಗೆಯ ಬಿಲ್ಲು, ರೇಷನ್ನು, ಕರೆಂಟು ಲೆಕ್ಕ ಹಾಕಿ ಕೇಳಿದರೆ ಆ ಅಂಕಿ ನಿಲ್ಲುತ್ತದೆ. ಮಗನಿಗೆ ಆದಾಯವಿಲ್ಲ ಎಂಬ ಮಾತಿಗೆ ಅವನ ಹೆಸರಿನ ಪಹಣಿ, ತುಂಗಭದ್ರಾ ಎಡದಂಡೆ ಕಾಲುವೆಯ ನೀರು ಬರುತ್ತದೋ ಇಲ್ಲವೋ ಎಂಬ ವಿವರ ಸಾಕು.

ರಾಜಿಯಲ್ಲಿ ಎಚ್ಚರ. ‘ಪಾಳಿ ಮೇಲೆ ನೋಡ್ಕೊಂತೀವಿ’ ಎಂಬ ಮಾತಿಗೆ ಸಹಿ ಹಾಕಿಸಬೇಡಿ. ಎಷ್ಟು, ಯಾವ ತಾರೀಖಿನೊಳಗೆ, ಯಾವ ಖಾತೆಗೆ ಎಂಬುದು ಬರಹದಲ್ಲಿರಲಿ. ಕೈಯಲ್ಲಿ ಕೊಟ್ಟ ದುಡ್ಡಿಗೆ ಸಾಕ್ಷಿ ಇಲ್ಲ. ಖಾತೆಯ ಎಟಿಎಂ ಕಾರ್ಡು ಯಾರ ಜೇಬಿನಲ್ಲಿದೆ ಎಂದು ಕೇಳಲು ಮರೆಯಬೇಡಿ. ಮೊಮ್ಮಗನ ಜೇಬಿನಲ್ಲಿದ್ದರೆ ಮೊದಲು ಹೊಸ ಖಾತೆ.

ಆದೇಶ ಬಂತೆಂದು ಫೈಲು ಕಟ್ಟಿಡುವುದೇ ದೊಡ್ಡ ತಪ್ಪು. ಮಗ ಎರಡು ತಿಂಗಳು ಹಾಕಿ ನಿಲ್ಲಿಸುತ್ತಾನೆ, ಹಿರಿಯರು ಹಬ್ಬಕ್ಕೆ ಬಂದಾಗ ಕೇಳೋಣ ಎಂದು ಸುಮ್ಮನಿರುತ್ತಾರೆ. ಬಾಕಿ ಬಿದ್ದ ದಿನದಿಂದ 3 ತಿಂಗಳೊಳಗೆ ಅರ್ಜಿ ಕೊಡದಿದ್ದರೆ ಆ ಮೊತ್ತಕ್ಕೆ ವಾರಂಟ್ ಹೊರಡಿಸಲು ಬರುವುದಿಲ್ಲ. ನಾವು ಪ್ರತಿ ತಿಂಗಳು 10ರ ಹೊತ್ತಿಗೆ ಪಾಸ್‌ಬುಕ್ ಪ್ರಿಂಟ್ ಹಾಕಿಸುತ್ತೇವೆ, ಎರಡನೇ ತಿಂಗಳು ತಪ್ಪಿದ ಕೂಡಲೇ ವಸೂಲಿ ಅರ್ಜಿ. ವಾರಂಟಿಗೂ ಬಗ್ಗದಿದ್ದರೆ ಒಂದು ತಿಂಗಳವರೆಗೆ ಜೈಲಿಗೆ ಕಳಿಸುವ ಅಧಿಕಾರವಿದೆ. ‘ಜೇಲಿಗೆ ಮಾತ್ರ ಹಾಕಿಸಬ್ಯಾಡ್ರಿ’ ಎನ್ನುವವರೂ ಈ ಅರ್ಜಿಗೆ ಹೆಬ್ಬೆಟ್ಟು ಒತ್ತಲಿ, ಸಾಮಾನ್ಯವಾಗಿ ದುಡ್ಡು ಬರುವುದು ಈ ಹಂತದಲ್ಲೇ. ಜಿಲ್ಲಾಧಿಕಾರಿಗೆ ಮೇಲ್ಮನವಿ ಹಾಕಲು 60 ದಿನ. ಮೇಲ್ಮನವಿ ನಡೆಯುವಾಗಲೂ ಮಕ್ಕಳು ಆದೇಶದ ಹಣ ಕಟ್ಟುತ್ತಲೇ ಇರಬೇಕು.

ಹೊಲದ ಆದೇಶವಾದರೆ ದೃಢೀಕೃತ ಪ್ರತಿಯನ್ನು ತಹಶೀಲ್ದಾರ್ ಕಚೇರಿಗೂ ಉಪನೋಂದಣಿ ಕಚೇರಿಗೂ ಕೊಟ್ಟು ಸ್ವೀಕೃತಿ ಪಡೆಯುತ್ತೇವೆ. ಭತ್ತ ನಿಂತಿರುವಾಗ ಸ್ವಾಧೀನಕ್ಕೆ ಹೋದರೆ ಬೆಳೆ ಯಾರದೆಂಬ ಜಗಳ ಹೊಸದಾಗಿ ಹುಟ್ಟುತ್ತದೆ, ಕೊಯ್ಲಿನ ನಂತರದ ತಾರೀಖು ಕೇಳಿಕೊಳ್ಳುವುದು ಮೇಲು. ಮ್ಯುಟೇಶನ್ (ಖಾತೆ ಬದಲಾವಣೆ) ಆಗಿ, ಪಹಣಿಯಲ್ಲಿ ಮಾಲೀಕರ ಹೆಸರಿರುವ 9ನೇ ಕಾಲಂನಲ್ಲಿ ಹಿರಿಯರ ಹೆಸರು ಬಂದ ಪ್ರಿಂಟು ಕೈಗೆ ಸಿಗುವವರೆಗೂ ಫೈಲು ನಮ್ಮ ಮೇಜಿನ ಮೇಲೇ ಇರುತ್ತದೆ.